ಶನಿವಾರದ ನಂಬರು

ಸೋಮವಾರ ಬೆಳಿಗ್ಗೆ ಹನ್ನೊಂದಕ್ಕೆ ಕಡತದ ಕೋಣೆಯ ಕಪಾಟು ತೆರೆದಾಗ ಸೇತುವೆಯ ಕಡತ ಅಲ್ಲಿರಲಿಲ್ಲ.

ಅದೇ ಬೇಕೆಂದು ವಿಚಾರಣಾಧಿಕಾರಿ ಹೊರಗೆ ಕಾಯುತ್ತಿದ್ದರು. ಸೇತುವೆ ಬಿರುಕು ಬಿಟ್ಟಿದೆ ಎಂದು ಎಂಜಿನಿಯರ್ ಬರೆದ ಎಚ್ಚರಿಕೆಯನ್ನು ಈ ಕಚೇರಿಯಲ್ಲಿ ಯಾರೋ ಎಂಟು ತಿಂಗಳು ಅದುಮಿಟ್ಟಿದ್ದರು. ಯಾರೆಂಬುದು ಆ ಕಡತದಲ್ಲಿತ್ತು.

"ಕೋಣೆ ಕೀಲಿ ಯಾರ ಹತ್ರ ಇತ್ತು?" ಸೂಪರಿಂಟೆಂಡೆಂಟ್ ಕೇಳಿದರು.

"ನನ್ನ ಹತ್ರಾನೇ ಸರ್."

ಹಾಗೆಂದವಳು ಕಡತದ ಕೋಣೆ ನೋಡಿಕೊಳ್ಳುವವಳು. ಇಪ್ಪತ್ತೆರಡು ವರ್ಷದ ಸರ್ವಿಸ್. ಇಡೀ ಕಚೇರಿಗೇ ಅಕ್ಕ. ಆ ಸಂಜೆ ಅಕ್ಕ ಮನೆ ಮುಟ್ಟುವ ಮೊದಲೇ ಅಮಾನತು ಆದೇಶ ಅವಳ ಬಾಗಿಲು ಮುಟ್ಟಿತ್ತು. ಮುರಿದ ಕುರ್ಚಿ ರಿಪೇರಿಗೆ ಮೂರು ತಿಂಗಳು ಬೇಕಾಗುವ ಕಚೇರಿ ಅದು!

*

ಅಮಾನತು ಎಂದರೆ ಮನೆಯಲ್ಲಿ ಹಾಯಾಗಿರುವುದಲ್ಲ. ಕಚೇರಿಗೆ ಬಂದು ಬೆಳಿಗ್ಗೆ ಹತ್ತಕ್ಕೆ ಒಂದು ಸಹಿ, ಸಂಜೆ ಐದಕ್ಕೆ ಒಂದು ಸಹಿ. ನಡುವೆ ವರಾಂಡದ ಬೆಂಚು. ಅನುಮತಿ ಇಲ್ಲದೆ ಊರು ಬಿಡುವಂತಿಲ್ಲ. ಏಳು ತಿಂಗಳು ಹೀಗೇ ಕಳೆಯಿತು. ಎರಡು ಸಲ ಮರುಪರಿಶೀಲನೆ ಎಂಬ ಶಾಸ್ತ್ರವೂ ಆಯಿತು. ಎರಡು ಸಲವೂ ಅದೇ ಸಾಲು: "ಅಮಾನತು ಮುಂದುವರಿಸಿದೆ."

ಆರು ಗಂಟೆ ದೂರದ ಊರಿನಲ್ಲಿ ಮಗಳಿಗೆ ದಿನ ತುಂಬಿತ್ತು. ಅಕ್ಕ ಎರಡು ಅರ್ಜಿ ಕೊಟ್ಟಳು. ಎರಡನ್ನೂ ಸೂಪರಿಂಟೆಂಡೆಂಟ್ ತಳ್ಳಿಹಾಕಿದರು.

"ಅಮ್ಮಾ, ನೀನು ಬರ್ತೀಯಲ್ವಾ?" ಫೋನಿನಲ್ಲಿ ಮಗಳು ದಿನವೂ ಕೇಳುತ್ತಿದ್ದಳು.

"ಬರ್ತೀನಿ ಕಣೇ," ಎನ್ನುತ್ತಿದ್ದಳು ಅಕ್ಕ. ಫೋನಿಟ್ಟು ಅಳುತ್ತಿದ್ದಳು.

ಕೊನೆಗೆ ಒಬ್ಬ ವಕೀಲೆಯನ್ನು ಹಿಡಿದು ಕೋರ್ಟಿಗೆ ಹೋದಳು.

"ಅಮಾನತು ಮಾಡೋ ಅಧಿಕಾರ ಇಲಾಖೆಗಿದೆ. ಅದರಲ್ಲಿ ನಾನು ಕೈ ಹಾಕಲ್ಲ," ಎಂದರು ನ್ಯಾಯಾಧೀಶರು. "ಆದ್ರೆ ಪ್ರಾಮಾಣಿಕವಾಗಿ ಬಳಸಿದ್ದಾರಾ ಅಂತ ನೋಡ್ತೀನಿ. ವಕೀಲರು ಇವತ್ತೇ ಕಚೇರಿ ದಾಖಲೆ ನೋಡಲಿ. ನಾಳೆ ಕೇಳೋಣ."

*

ವಕೀಲೆ ಮೊದಲು ಹಿಡಿದದ್ದು ಅಟೆಂಡರನ್ನು. ಅವನ ಮುಖವೇ ಸರಿಯಿರಲಿಲ್ಲ.

"ಕಡತದ ಕೋಣೆಗೆ ಇನ್ನೊಂದು ಕೀಲಿ ಇದೆಯಂತೆ. ನೀನು ತಗೊಳ್ತಿದ್ದೆಯಂತೆ."

ಅವನು ಬೆವೆತ. "ಕದಿಯೋಕಲ್ಲ ಮೇಡಂ. ಅಕ್ಕ ಊಟಕ್ಕೆ ಹೋದಾಗ ಅಲ್ಲಿ ಒಂದರ್ಧ ಗಂಟೆ ಮಲಗ್ತಿದ್ದೆ."

"ಕೀಲಿ ಎಲ್ಲಿರ್ತಿತ್ತು?"

"ಸೂಪರಿಂಟೆಂಡೆಂಟ್ ಡ್ರಾಯರ್‌ನಲ್ಲಿ. ಕಡತ ಕಳೆಯೋಕೆ ಮುಂಚಿನ ಶನಿವಾರ ಮಾತ್ರ ಇರಲಿಲ್ಲ. ನಿದ್ದೆ ತಪ್ತು ನೋಡಿ, ಅದಕ್ಕೇ ನೆನಪಿದೆ."

ಕಳ್ಳನಲ್ಲ, ಬರೀ ಸೋಮಾರಿ. ವಕೀಲೆ ನಗು ನುಂಗಿ ರವಾನೆ ಗುಮಾಸ್ತೆಯ ಮೇಜಿಗೆ ಹೋದಳು. ಹೊರಹೋಗುವ ಪ್ರತಿ ಪತ್ರಕ್ಕೂ ನಂಬರು ಕೊಡುವ ರಿಜಿಸ್ಟರ್ ಅಲ್ಲಿತ್ತು. ಅಮಾನತು ಆದೇಶದ ನಂಬರು ೪೧೨. ಬೆರಳಿಟ್ಟು ಹುಡುಕಿದಳು. ಬೆರಳು ನಿಂತಿತು.

"ಈ ಸಾಲು ಬರೆದವರು ಯಾರು?"

"ನಾನೇ. ಯಾರಿಗೆ ಅಂತ ಹೇಳದೆ ನಾನು ಯಾರಿಗೂ ನಂಬರ್ ಕೊಡಲ್ಲ, ದೊಡ್ಡ ಸಾಹೇಬರೇ ಬರಲಿ," ಎಂದಳು ಗುಮಾಸ್ತೆ ಹೆಮ್ಮೆಯಿಂದ.

"ಕಡತ ಕಳೆದ ಸೋಮವಾರ ನೀವಿದ್ರಾ?"

"ಇಲ್ಲ, ರಜೆ ಹಾಕಿದ್ದೆ."

*

ಮರುದಿನ ಮಧ್ಯಾಹ್ನ ಕೋರ್ಟು ತುಂಬಿತ್ತು. ಎಲ್ಲರ ಫೋನೂ ಬಂದ್. ಅಕ್ಕ ಹಿಂದಿನ ಬೆಂಚಿನಲ್ಲಿ ಸೆರಗು ಹಿಂಡುತ್ತಿದ್ದಳು.

"ಕಡತ ಕಳೆದದ್ದು ಗೊತ್ತಾಗಿದ್ದು ಸೋಮವಾರ," ವಕೀಲೆ ಶುರುಮಾಡಿದಳು. "ಆದೇಶದ ತಾರೀಖೂ ಸೋಮವಾರದ್ದೇ. ಆದ್ರೆ ನಂಬರ್ ಶನಿವಾರದ್ದು. ಸೋಮವಾರ ರಿಜಿಸ್ಟರ್ ಖಾಲಿ, ಮಂಗಳವಾರದ ಮೊದಲ ನಂಬರ್ ೪೧೯."

ಸೂಪರಿಂಟೆಂಡೆಂಟ್ ಎದ್ದರು. "ಸ್ವಾಮಿ, ನಂಬರ್ ಮುಂಚೆ ತೆಗೆದಿಡೋದು ಎಲ್ಲಾ ಕಚೇರಿಯಲ್ಲೂ ಇರೋದೇ. ಬೇರೆ ಪತ್ರಕ್ಕೆ ತೆಗೆದಿದ್ದೆ. ಉಳಿದಿತ್ತು, ಬಳಸ್ದೆ."

"ಯಾರಿಗೆ ಬರೆಯೋ ಪತ್ರಕ್ಕೆ?"

ಉತ್ತರಕ್ಕೆ ಕಾಯದೆ ವಕೀಲೆ ರಿಜಿಸ್ಟರ್ ತೆರೆದಳು.

"ನಾನು ಓದ್ತೀನಿ. ಶನಿವಾರ ಗುಮಾಸ್ತೆ ತನ್ನ ಕೈಯಾರೆ ಬರೆದಿದ್ದಾರೆ. ಅಕ್ಕನ ಹುದ್ದೆ, ಕೆಳಗೆ ಅಕ್ಕನ ಮನೆ ವಿಳಾಸ. ಹತ್ತು ಹೆಜ್ಜೆ ಆಚೆ ಕೂತಿರೋ ನೌಕರರಿಗೆ ಪತ್ರ ಮೇಜಿಗೆ ಹೋಗುತ್ತೆ. ಮೇಜು ಕಳ್ಕೊಂಡವರಿಗೆ ಮಾತ್ರ ಮನೆಗೆ. ಕಡತ ಕಳೆಯೋದು, ಅಕ್ಕ ಅಮಾನತಾಗೋದು ಇವರಿಗೆ ಎರಡು ದಿನ ಮುಂಚೆ ಹೇಗೆ ಗೊತ್ತಾಯ್ತು? ಸೋಮವಾರ ಗುಮಾಸ್ತೆ ಇರಲ್ಲ ಅಂತ ಮುಂಚೇನೇ ನಂಬರ್ ತೆಗೆದಿಟ್ರು. ಆ ದಿನವೇ ಡ್ರಾಯರ್‌ನಿಂದ ಕೀಲಿಯೂ ಮಾಯ. ಮೇಲಧಿಕಾರಿ ಸೋಮವಾರ ಕಣ್ಣು ಮುಚ್ಚಿ ಸಹಿ ಹಾಕಿದ್ರು."

ಸೂಪರಿಂಟೆಂಡೆಂಟ್ ಕುಸಿದು ಕುಳಿತ. ಇನ್ನು ಅವನಿಗೆ ಬಹುವಚನ ಬೇಡ.

ನ್ಯಾಯಾಧೀಶರ ಅಪ್ಪಣೆಯಂತೆ ಪೊಲೀಸರು ಆಗಲೇ ಹೋಗಿ ಅವನ ಕಚೇರಿ ಬೀರು ಒಡೆಸಿದರು. ಹಳೆಯ ಸುತ್ತೋಲೆಗಳ ಕಟ್ಟಿನ ನಡುವೆ ಸೇತುವೆಯ ಕಡತ ಸಿಕ್ಕಿತು. ಎಂಜಿನಿಯರ್ ಪತ್ರದ ಅಂಚಿನಲ್ಲಿ ಅವನದೇ ಕೈಬರಹ: "ಸದ್ಯಕ್ಕೆ ಇರಲಿ." ಮೂವತ್ತು ವರ್ಷ ಕಡತ ಕಾದವನಿಗೆ ಒಂದನ್ನು ಸುಡಲು ಕೈ ಬಂದಿರಲಿಲ್ಲ.

"ಅಮಾನತು ರದ್ದು," ಎಂದರು ನ್ಯಾಯಾಧೀಶರು. ಆಗ ನಾಲ್ಕೂವರೆ.

*

ಮೆಟ್ಟಿಲ ಮೇಲೆ ಅಕ್ಕ ಫೋನ್ ಆನ್ ಮಾಡಿದಳು. ತಕ್ಷಣ ಅಳಿಯನ ಕರೆ ಬಂತು.

"ಅತ್ತೆ, ಮೂರು ಗಂಟೆಗೆ ಹೆಣ್ಣು ಮಗು ಆಯ್ತು. ಇಬ್ರೂ ಚೆನ್ನಾಗಿದ್ದಾರೆ. ಒಳಗೆ ಹೋಗೋವರೆಗೂ ನಿಮ್ಮನ್ನೇ ಕೇಳ್ತಿದ್ಲು."

ಅಕ್ಕ ಅಳುತ್ತ ನಕ್ಕಳು. ಆಮೇಲೆ ನಗು ಹೋಯಿತು, ಅಳು ಉಳಿಯಿತು. ಹೆರಿಗೆ ಮುಗಿದಿತ್ತು. ಆ ಹೊತ್ತನ್ನು ಯಾವ ಕೋರ್ಟೂ ವಾಪಸು ಕೊಡಿಸಲಾರದು.

ಕಣ್ಣೊರೆಸಿಕೊಂಡು ಗಡಿಯಾರ ನೋಡಿದಳು. ಬ್ಯಾಗು ಹೆಗಲಿಗೇರಿಸಿ ದಡದಡ ಇಳಿದಳು.

"ಅಕ್ಕಾ, ಬಸ್ ಸ್ಟ್ಯಾಂಡ್ ಈ ಕಡೆ!" ವಕೀಲೆ ಕೂಗಿದಳು. "ಅತ್ತ ಎಲ್ಲಿಗೆ?"

ಅಕ್ಕ ತಿರುಗಿಯೂ ನೋಡಲಿಲ್ಲ.

"ಐದಾಗ್ತಾ ಬಂತಲ್ಲಮ್ಮಾ," ಎಂದಳು. "ಸಹಿ ಹಾಕ್ಬೇಕು."