ಗುಲಾಬಿ ನಿಂತದ್ದು ಮೂರು ಸಲ

"ನಿನಗೆ ಮಾನ ಮರ್ಯಾದೆ ಇದೆಯೇನಯ್ಯಾ? ನನ್ನ ಮುಖ ನೋಡಕ್ಕೇ ಬೇಕಂತ ಕುದುರೆ ನಿಲ್ಲಿಸ್ತಿದ್ದೀಯ! ಜಟಕಾ ಓಡಿಸೋನ ತಲೆಗೊಂದು ಟೋಪಿ ಇಟ್ಬಿಟ್ರೆ ಹೀರೋ ಆಗ್ಬುಡ್ತಾನಾ?"

ಚಾಮುಂಡೇಶ್ವರಿಯ ಕೂಗಿಗೆ ಬೆಟ್ಟದ ತಪ್ಪಲೇ ಗಪ್‌ಚಿಪ್ಪಾಯಿತು.

ಕ್ಯಾಮೆರಾದ ಹಿಂದಿದ್ದ ಅನಂತಪದ್ಮನಾಭ ತಲೆ ಎತ್ತಿದ. ಡೈರೆಕ್ಟರ್ ಸುಂದರೇಶ ಬಾಯಿಗಿಟ್ಟಿದ್ದ ತಗಡಿನ ಕೊಳವೆ ಇಳಿಸಿದ. ಶೂಟಿಂಗ್ ನೋಡಲು ಬಂದು ಅಷ್ಟು ಹೊತ್ತೂ ಕೇಕೆ ಹಾಕುತ್ತಿದ್ದ ಜನ, ಈಗ ಇನ್ನೂ ಒಳ್ಳೆಯ ತಮಾಷೆ ಸಿಕ್ಕಿತೆಂದು ಕತ್ತು ಉದ್ದ ಮಾಡಿದರು.

ಕುದುರೆಯ ಮೇಲಿದ್ದ ಮಹದೇವುವಿನ ದವಡೆ ಬಿಗಿಯಿತು. ಇಳಿದ. ಅಗಲ ಅಂಚಿನ ಟೋಪಿಯನ್ನು ಬೇಲಿಯ ಗೂಟಕ್ಕೆ ಸಿಕ್ಕಿಸಿದ. ತನ್ನ ಕುದುರೆ ಗುಲಾಬಿಯ ಲಗಾಮು ಹಿಡಿದು ಹೊರಟೇಬಿಟ್ಟ!

ಸಾವಿರದ ಒಂಬೈನೂರ ಅರವತ್ತೆರಡು. ಕೌಬಾಯ್ ಪಿಕ್ಚರುಗಳನ್ನು ನೋಡಿ ನೋಡಿ ತಲೆ ಕೆಟ್ಟಿದ್ದ ಲಕ್ಷ್ಮೀಪುರಂನ ಸುಂದರೇಶ, ಅಂಥದ್ದನ್ನೇ ಕನ್ನಡದಲ್ಲಿ ತೆಗೆಯುತ್ತೇನೆಂದು ಹೊರಟಿದ್ದ. ಕಾಡಿನಂಚಿಗೆ ಹೋಗಿ, ನೆಲ ಹಸನು ಮಾಡಿ, ಮನೆ ಕಟ್ಟಿಕೊಂಡ ಒಂದು ಸಂಸಾರದ ಕಥೆ. ಸ್ಟುಡಿಯೋ ಇಲ್ಲ, ಸ್ಟಾರ್ ಇಲ್ಲ. ಒಂದು ಗುಡಿಸಲು, ಬಿದಿರಿನ ಬೇಲಿ, ಎರವಲು ಕ್ಯಾಮೆರಾ.

ಕುದುರೆ ಸವಾರಿ ಗೊತ್ತಿದ್ದವನು ನಜರ್‌ಬಾದಿನ ಜಟಕಾ ಮಹದೇವು ಒಬ್ಬನೇ. ಹಾಗಾಗಿ ಅವನೇ ಹೀರೋ.

ಹೀರೋಯಿನ್ ಪ್ರೇಮಲೀಲಾಳನ್ನು ಆ ಬೆಳಿಗ್ಗೆ ಮನೆಯವರು ಕಳಿಸಲೇ ಇಲ್ಲ. ಗೌನೂ ಟೋಪಿಯೂ ಹೊಲಿದು ತಂದಿದ್ದ, ದರ್ಜಿ ನಿಂಗಯ್ಯನ ಮಗಳು ಚಾಮುಂಡೇಶ್ವರಿಯನ್ನೇ ಸುಂದರೇಶ ಹಿಡಿದು ನಿಲ್ಲಿಸಿದ.

"ಒಂದೇ ಒಂದು ಶಾಟ್ ಕಣಮ್ಮ, ದೂರದಿಂದ! ಗಂಡ ಕುದುರೆ ಮೇಲೆ ಈ ಕಡೆಯಿಂದ ಬಂದು ಹಾಗೇ ಹೋಗ್ಬಿಡ್ತಾನೆ. ನೀನು ಮಗು ಎತ್ಕೊಂಡು ಬೇಲಿ ಹತ್ರ ನಿಂತು, ಹೋಗಿ ಬನ್ನಿ ಅಂತ ಕೈ ಎತ್ತಬೇಕು. ಅಷ್ಟೇ!"

ಮೊದಲ ಸಲ ಅವಳು ಕೈ ಎತ್ತಿದಳು. ಕುದುರೆ ಅವಳ ಮುಂದೆಯೇ ಗಕ್ಕನೆ ನಿಂತಿತು.

ಎರಡನೆಯ ಸಲವೂ ಅಷ್ಟೇ.

"ಹೆಂಡ್ರನ್ನ ಬುಟ್ಟು ಹೋಗಕ್ಕೆ ಮನಸಿಲ್ಲ ಕಣ್ರೋ!" ಯಾವನೋ ಕೂಗಿದ. ಸಿಳ್ಳೆಯೋ ಸಿಳ್ಳೆ!

ಅವಳ ಕಿವಿ ಕಾದು ಹೋಯಿತು. 'ಈ ಮಾತು ಅಪ್ಪನ ಅಂಗಡಿಗೆ ಮುಟ್ಟಿದರೆ...?' ಮೂರನೆಯ ಸಲ, ಮಗುವಿನ ಬದಲು ಕೊಟ್ಟಿದ್ದ ಬೊಂಬೆ ಕೈಯಿಂದ ಜಾರಿತು. ಎರಡೂ ಕೈಯಲ್ಲಿ ತಬ್ಬಿ ಹಿಡಿದಳು. ಗೊರಸಿನ ಸದ್ದು ಹತ್ತಿರ ಬಂತು... ನಿಂತಿತು. ತಲೆ ಎತ್ತಿದರೆ ಮಹದೇವು ಅವಳನ್ನೇ ನೋಡುತ್ತಿದ್ದ!

ಆಗಲೇ ಅವಳ ಬಾಯಿಂದ ಆ ಮಾತು ಬಂದದ್ದು.

"ಬಾಯಿ ಸ್ವಲ್ಪ ಬಿಗಿ ಹಿಡೀಬಾರ್ದಿತ್ತಾ ತಾಯಿ?" ಅಜ್ಜಿಯ ಪಾತ್ರ ಮಾಡುತ್ತಿದ್ದ ಬೋರಮ್ಮ ಗೊಣಗಿದಳು. "ಈ ಶಾಟ್ ಒಂದೇ ಬಾಕಿ. ಅವನಿಲ್ದೆ ಪಿಚ್ಚರೇ ಇಲ್ಲ."

ಸುಂದರೇಶ ಕಲ್ಲಿನ ಮೇಲೆ ತಲೆ ಹಿಡಿದು ಕೂತಿದ್ದ. ಚಾಮುಂಡೇಶ್ವರಿ ಗೂಟದ ಮೇಲಿದ್ದ ಟೋಪಿಯನ್ನು ತೆಗೆದುಕೊಂಡು ಮನೆಗೆ ಬಂದಳು. ಸಿಟ್ಟು ಇನ್ನೂ ಇಳಿದಿರಲಿಲ್ಲ. ಆದರೆ... ಆ ಕಣ್ಣುಗಳೇಕೆ ಮರೆತುಹೋಗುತ್ತಿಲ್ಲ?

ಮಾರನೆಯ ದಿನ ಬಟ್ಟೆಯ ಗಂಟು ಹೊತ್ತು ನಜರ್‌ಬಾದಿನ ರಸ್ತೆಯಲ್ಲಿ ಬರುತ್ತಿದ್ದಳು. ಬಿಸಿಲು ಕಣ್ಣಿಗೆ ಹೊಡೆಯಿತು. ಮರೆ ಮಾಡಲು ಕೈ ಎತ್ತಿದಳು.

ಜಟಕಾ ಒಂದು ಗಕ್ಕನೆ ನಿಂತಿತು. ಗುಲಾಬಿ!

"ನಡುರಸ್ತೇಲಿ ಯಾಕಯ್ಯಾ ನಿಲ್ಲಿಸ್ದೆ?" ಒಳಗಿದ್ದ ಯಜಮಾನರು ರೇಗಿದರು.

"ನಾನಲ್ಲ ಸ್ವಾಮಿ, ಗುಲಾಬಿ. ಎದುರುಗಡೆ ಯಾರಾದ್ರೂ ಕೈ ಎತ್ತಿದ್ರೆ ಗಿರಾಕಿ ಅಂದ್ಕೊಂಡು ನಿಂತ್ಕತಾಳೆ. ಆರು ವರ್ಷದ ರೂಢಿ, ಎಂಗೆ ಬುಡ್ತಾಳೆ?"

ಮಹದೇವು ಅವಳ ಕಡೆ ಒಮ್ಮೆ ನೋಡಿದ. ಲಗಾಮು ಅಲ್ಲಾಡಿಸಿದ. ಜಟಕಾ ಮುಂದಕ್ಕೆ ಹೋಯಿತು.

ಚಾಮುಂಡೇಶ್ವರಿ ಎತ್ತಿದ ಕೈ ಇಳಿಸುವುದನ್ನೂ ಮರೆತು ನಿಂತಳು. 'ಅಯ್ಯೋ ದೇವರೇ... ಎಂಥಾ ಮಾತಂದುಬಿಟ್ಟೆ! ಅಷ್ಟು ಜನರ ಮುಂದೆ!'

ಸಂಜೆ ಟೋಪಿ ಹಿಡಿದು ನೇರವಾಗಿ ಜಟಕಾ ಸ್ಟ್ಯಾಂಡಿಗೇ ಹೋದಳು. ಹತ್ತು ಜನ ಜಟಕಾದವರು ಬೀಡಿ ಸೇದುತ್ತಾ ಕೂತಿದ್ದರು. ಮಹದೇವು ಗುಲಾಬಿಯ ಮೈ ಉಜ್ಜುತ್ತಿದ್ದ.

"ಆ ಕಡೆ ಹೋಗಿ ಮಾತಾಡಣ," ಎಂದ ಮೆಲ್ಲಗೆ.

"ಬೇಡ. ಜನರ ಮುಂದೆ ಅಂದಿದ್ದೆ. ಜನರ ಮುಂದೆಯೇ ಹೇಳ್ತೀನಿ. ತಪ್ಪಾಯ್ತು ಕಣ್ರೀ..."

ಬೀಡಿಗಳು ಬಾಯಲ್ಲೇ ನಿಂತವು.

"ನಿನ್ನೇನೇ ಯಾಕೆ ಹೇಳ್ಲಿಲ್ಲ ನೀವು?" ಅವಳ ಕಣ್ಣು ತುಂಬಿತ್ತು.

"ಹೇಳಕ್ಕೆ ಬುಟ್ರಾ?" ಸ್ಟ್ಯಾಂಡಿಗೆ ಸ್ಟ್ಯಾಂಡೇ ನಕ್ಕಿತು. ಅವನು ಮಾತ್ರ ನಗಲಿಲ್ಲ. "ಅದೂ ಅಲ್ದೆ... ನೀವಂದಿದ್ದು..." ಎಂದವನು ಮತ್ತೆ ಗುಲಾಬಿಯ ಮೈ ಉಜ್ಜತೊಡಗಿದ.

"ನಾಳೆ ಬರ್ತೀರಾ? ಸುಂದರೇಶ್ ಅವರು ಊಟ ಬಿಟ್ಟಿದ್ದಾರೆ. ನಾನು ಕೈ ಎತ್ತಲ್ಲ."

ಅವನು ಕೈ ಚಾಚಿ ಟೋಪಿ ತೆಗೆದುಕೊಂಡ.

ಮರುದಿನ ಇಳಿಬಿಸಿಲು ಬೇಲಿಯ ಮೇಲೆ ಬಿದ್ದಿತ್ತು. "ಇರೋದು ಇಷ್ಟೇ ಫಿಲಂ," ಎಂದ ಅನಂತಪದ್ಮನಾಭ. ಚಾಮುಂಡೇಶ್ವರಿ ಬೊಂಬೆಯನ್ನು ಎರಡೂ ಕೈಯಲ್ಲಿ ಎದೆಗವಚಿ ನಿಂತಳು.

ಗುಲಾಬಿ ಧೂಳೆಬ್ಬಿಸಿಕೊಂಡು ಬಂದಳು. ನಿಲ್ಲಲಿಲ್ಲ! ಮಹದೇವು ತಿರುಗಿಯೂ ನೋಡದೆ ಗಾಳಿಯಂತೆ ಹೊರಟುಹೋದ. ನಿಜವಾಗಿಯೂ ಗಂಡನನ್ನು ಕಳಿಸಿಕೊಟ್ಟವಳಂತೆ ಅವಳ ಕೆನ್ನೆಯ ಮೇಲೆ ನೀರು ಇಳಿಯಿತು. ನಟನೆಯೇನಲ್ಲ, ಅವಳಿಗೆ ನಟನೆ ಬರುತ್ತಲೂ ಇರಲಿಲ್ಲ.

"ಓಕೆ!" ಸುಂದರೇಶ ಕುಣಿದಾಡಿಬಿಟ್ಟ. "ಮುಗೀತು ಕಣ್ರಯ್ಯಾ, ಪಿಕ್ಚರ್ ಮುಗೀತು!"

ಅವಳು ಕೈಯಲ್ಲಿದ್ದ ಬೊಂಬೆಯನ್ನು ನೋಡಿದಳು. ಎರಡೂ ಕೈ... ಮೈ ಜುಮ್ಮೆಂದಿತು.

'ಮೊನ್ನೆ ಮೂರನೆಯ ಸಲವೂ ಹೀಗೆಯೇ ಹಿಡಿದಿದ್ದೆನಲ್ಲ!'

ಗುಡಿಸಲ ಹಿಂದೆ ಮಹದೇವು ಗುಲಾಬಿಗೆ ನೀರು ತೋರಿಸುತ್ತಿದ್ದ. ಅವಳು ಏದುಸಿರು ಬಿಡುತ್ತಾ ಹೋಗಿ ನಿಂತಳು.

"ಒಂದು ಮಾತು ಕೇಳ್ಲಾ?"

"ಕೇಳಿ."

"ಮೊದಲ ಸಲ ಗುಲಾಬಿ ತಾನೇ ನಿಂತಳು. ಎರಡನೇ ಸಲವೂ ತಾನೇ ನಿಂತಳು. ಅಲ್ವಾ?"

"ಊಂ."

"ಮೂರನೇ ಸಲ ನಾನು ಕೈ ಎತ್ತಿರಲಿಲ್ಲ ಕಣ್ರೀ..."

ಮಹದೇವುವಿನ ಕೈಯಿಂದ ಬಕೀಟು ಜಾರಿತು. ನೀರೆಲ್ಲ ಕಾಲ ಮೇಲೆ!

"ಹಾಗಾದ್ರೆ ನಾನು ಬೈದಿದ್ದು ಸುಳ್ಳೇನಲ್ಲ," ಎಂದಳು. ನಗು ತಡೆಯಲಾಗಲಿಲ್ಲ. "ಸುಮ್ಮನೆ ತಪ್ಪಾಯ್ತು ಅಂದ್ಬಿಟ್ಟೆ!"

ಅವನು ಟೋಪಿಯನ್ನು ಹುಬ್ಬಿನವರೆಗೂ ಎಳೆದುಕೊಂಡ. ಕೆಂಪಾದ ಕಿವಿ ಮುಚ್ಚುವಷ್ಟು ದೊಡ್ಡ ಟೋಪಿ ಅವಳು ಹೊಲಿದಿರಲಿಲ್ಲ.

"ನನಗೂ..." ಅವಳ ದನಿ ಸಣ್ಣಗಾಯಿತು. "ನನಗೂ ನೀವು ನಿಲ್ಲಿಸಿದ್ದೇ ಇಷ್ಟ. ಅಪ್ಪ ಈ ಹೊತ್ತಲ್ಲಿ ಅಂಗಡೀಲಿ ಒಬ್ಬರೇ ಇರ್ತಾರೆ. ಹೋಗಿ ಹೆಣ್ಣು ಕೇಳ್ತೀರಾ?"

ಮಹದೇವು ಬಕೀಟನ್ನು ಅಲ್ಲೇ ಬಿಟ್ಟ. ಗುಲಾಬಿಯ ಲಗಾಮು ಹಿಡಿದು ಸರಸರನೆ ನಡೆದುಬಿಟ್ಟ.

ಚಾಮುಂಡೇಶ್ವರಿ ಬೇಲಿ ಹಿಡಿದು ನೋಡುತ್ತಲೇ ನಿಂತಳು. ಕೆಳಗೆ ದಾರಿ ಎರಡಾಗುತ್ತಿತ್ತು. ಜಟಕಾ ಸ್ಟ್ಯಾಂಡಿಗೆ ಎಡಕ್ಕೆ ಹೋಗಬೇಕು. ದರ್ಜಿ ನಿಂಗಯ್ಯನ ಅಂಗಡಿಗೆ ಬಲಕ್ಕೆ.

ಗುಲಾಬಿ ರೂಢಿಯಂತೆ ಎಡಕ್ಕೆ ಎಳೆದಳು. ಮಹದೇವು ಅವಳ ಕತ್ತು ತಟ್ಟಿ, ಬಲಕ್ಕೆ ತಿರುಗಿಸಿಕೊಂಡು ಹೋದ.