ಮೇಲಿನ ಮನೆಗೆ ಬಂದ ನೋಟಿಸು

"ನಿಲ್ಲಸ್ರಿ ಗಾಡಿ!"

ಅರಭಾವಿ ಬಸ್ ನಿಲ್ದಾಣದಲ್ಲಿ ಕಸ್ತೂರಿ ಕಿಶೋರನ ಬೈಕಿಗೆ ಅಡ್ಡ ನಿಂತೇಬಿಟ್ಟಳು. ಕೈಯಲ್ಲಿ ಕೋರ್ಟಿನ ನೋಟಿಸು. ಕಣ್ಣಲ್ಲಿ ನೀರು... ಅದು ಅವನಿಗೆ ಕಾಣಬಾರದೆಂಬ ಹಟ ಬೇರೆ!

"ಲಗ್ನ ಫಿಕ್ಸ್ ಆಗೈತಂತಲ್ಲ! ಅದಕ್ಕ ನಮ್ಮನ್ನ ಬೀದಿಗೆ ಹಾಕಬೇಕೇನ್ರಿ?"

ಕಿಶೋರ ಓದಿದ. ಮಾಲೀಕರ ಮಗನ ಮದುವೆ ಇರುವುದರಿಂದ ಮೇಲಿನ ಮನೆ ಸ್ವಂತ ವಾಸಕ್ಕೆ ಬೇಕಾಗಿದೆಯಂತೆ. ಜೊತೆಗಿದ್ದ ಅರ್ಜಿಯ ಕೆಳಗೆ ಮನೆ ಮಾಲೀಕ, ಅವನ ಅಪ್ಪ ಅಲ್ಲಪ್ಪನ ಸಹಿ.

"ಇದು ನನಗ ಗೊತ್ತ ಇಲ್ರಿ!"

"ಲಗ್ನ ಆಗಾಂವ ನೀವ ಹೌದೋ ಅಲ್ಲೋ?"

"ಆಗಾಂವ ಖರೆ, ಆದ್ರ..."

ಅವಳಿಗೆ ಅಷ್ಟು ಸಾಕಾಯಿತು. ಬಸ್ಸು ಹತ್ತಿ, ಮೊದಲು ಅವನ ನಂಬರ್ ಬ್ಲಾಕ್ ಮಾಡಿ, ಆಮೇಲೆ ಸೀಟಿನಲ್ಲಿ ಕೂತಳು.

ಗೋಕಾಕದಲ್ಲಿ ಅಲ್ಲಪ್ಪನ ಆ ಮೇಲಿನ ಮನೆಯಲ್ಲಿ ಅವಳೂ ಅವಳವ್ವ ಇಂದ್ರವ್ವನೂ ಹನ್ನೊಂದು ವರ್ಷದಿಂದ ಬಾಡಿಗೆಗಿದ್ದರು. ಇಂದ್ರವ್ವನಿಗೆ ಈಗ ಕಣ್ಣು ಕಾಣುವುದಿಲ್ಲ. ಆದರೆ ಆ ಮನೆಯ ಮೆಟ್ಟಿಲು, ಒಲೆ, ನೀರಿನ ಕೊಡ ಎಲ್ಲವೂ ಕೈಗೆ ಪಾಠವಾಗಿವೆ. ಅಲ್ಲಿ ಅವಳು ಯಾರ ಹಂಗೂ ಇಲ್ಲದೆ ಚಹಾ ಮಾಡಿಕೊಳ್ಳುತ್ತಾಳೆ. ಬೇರೆ ಮನೆಯಲ್ಲಿ?

ಕಿಶೋರ ಮೂಡಲಗಿಯಲ್ಲಿ ನರ್ಸರಿ ನಡೆಸುವವ. ಕಸ್ತೂರಿ ಕೆಲಸ ಮಾಡುವ ತೋಟಗಾರಿಕೆ ಕಾಲೇಜಿನ ಲ್ಯಾಬಿಗೆ ವಾರಕ್ಕೊಮ್ಮೆ ಮಣ್ಣು ತರುತ್ತಿದ್ದ. ಅಷ್ಟು ಸಲ ಮಣ್ಣು ಪರೀಕ್ಷೆ ಮಾಡಿಸಿದವರು ಇಡೀ ಜಿಲ್ಲೆಯಲ್ಲಿ ಇರಲಿಕ್ಕಿಲ್ಲ!

'ಹುಚ್ಚಿ ನಾನು... ಏನೇನೋ ಅಂದುಕೊಂಡುಬಿಟ್ಟೆ!'

ನಡೆದದ್ದು ಇಷ್ಟೇ. ಮಗ ಫೋನಿನಲ್ಲಿ, "ಅಪ್ಪಾ, ಈ ವರ್ಷ ಲಗ್ನ ಆಗ್ತೇನಿ, ಹುಡುಗಿ ಯಾರಂತ ಆಮ್ಯಾಲ ಹೇಳ್ತೇನಿ" ಅಂದಿದ್ದ. ಅಲ್ಲಪ್ಪ ಹಿಂದೊಮ್ಮೆ ಒಂದು ಅಂಗಡಿ ಬಿಡಿಸಿಕೊಳ್ಳಲು ಒಂಬತ್ತು ವರ್ಷ ಕೋರ್ಟಿಗೆ ಅಲೆದ ಮನುಷ್ಯ. ಹುಡುಗಿ ನಿಧಾನಕ್ಕೆ ಬರಲಿ, ಕೇಸು ಮೊದಲು ಬೀಳಲಿ ಎಂದು ನೇರ ವಕೀಲರ ಬಳಿ ಹೋಗಿಬಿಟ್ಟ.

"ಕೇಸ್ ವಾಪಸ್ ತಗೋ ಅಪ್ಪಾ!"

"ಹುಡುಗಿ ಯಾರ ಹೇಳು, ತಗೋತೇನಿ."

"ಮೊದಲ ಆಕಿನ್ನ ಕೇಳಬೇಕು. ಅಲ್ಲೀತನ ಹೆಸರ ಹೇಳೂದಿಲ್ಲ."

ಕೇಳೋಣವೆಂದರೆ ಫೋನು ಬ್ಲಾಕು, ಬಾಗಿಲಿಗೆ ಚಿಲಕ, ಲ್ಯಾಬಿಗೆ ಹೋದರೂ ಅವಳು ಮುಖ ಕೊಡಲೊಲ್ಲಳು!

ವಿಚಾರಣೆಯ ದಿನ ಮೊದಲು ರಾಜಿಯಾಗಿ ಎಂದು ಎಲ್ಲರನ್ನೂ ಒಂದು ಕೋಣೆಯಲ್ಲಿ ಕೂರಿಸಿದರು. ರಾಜಿ ಮಾಡಿಸುವ ವಕೀಲೆ ವಿಜಯಲಕ್ಷ್ಮಿ ಬಾಯಿ ತೆರೆಯುವ ಮೊದಲೇ ಕಸ್ತೂರಿ ಹೇಳಿದಳು, "ಹುಕ್ಕೇರಿಯೊಳಗ ಮನಿ ನೋಡೇನ್ರಿ. ಬಿಟ್ಟು ಹೋಗ್ತೇವಿ. ಎಲ್ಲಿ ಸಹಿ ಮಾಡ್ಲಿ?"

ಪಕ್ಕದಲ್ಲಿ ಇಂದ್ರವ್ವ ಮಗಳ ಸೆರಗು ಹಿಡಿದು ಕೂತಿದ್ದಳು.

"ತಡೀರಿ!" ಕಿಶೋರ ಎದ್ದು ನಿಂತ. "ನನ್ನ ಲಗ್ನ ಫಿಕ್ಸ್ ಆಗಿಲ್ರಿ ಮೇಡಂ. ಹುಡುಗಿನ್ನ ಇನ್ನೂ ಕೇಳೇ ಇಲ್ಲ. ನನಗ ಆ ಮನಿ ಬ್ಯಾಡ. ಇದನ್ನ ಬರಕೋರಿ."

'ಕೇಳೇ ಇಲ್ಲವಂತೆ...' ಕಸ್ತೂರಿ ತೆರೆದಿದ್ದ ಪೆನ್ನನ್ನು ಮತ್ತೆ ಮುಚ್ಚಿದಳು.

ವಿಜಯಲಕ್ಷ್ಮಿ ಅಲ್ಲಪ್ಪನತ್ತ ತಿರುಗಿದರು. "ಮಗಗ ಬ್ಯಾಡಾದ್ರ ಕೇಸ್ ಯಾರ ಸಲುವಾಗ್ರಿ ಯಜಮಾನ್ರ?"

ಅಲ್ಲಪ್ಪ ಟೋಪಿ ತೆಗೆದು ತಲೆ ಕೆರೆದುಕೊಂಡ. ಗೊಣಗುತ್ತಲೇ ಕೇಸು ವಾಪಸಿಗೆ ಸಹಿ ಹಾಕಿದ.

ಹೊರಗಿನ ಜಗಲಿಯಲ್ಲಿ ಕಿಶೋರ ಅವಳೆದುರು ಬಂದು ನಿಂತ.

"ಈಗ ಕೇಳ್ಲೇನ್ರಿ? ನನ್ನ ಲಗ್ನ ಆಗ್ತೀರೇನು?"

ಕಸ್ತೂರಿ ಸರ್ರನೆ ತಲೆಯೆತ್ತಿದಳು! "ಒಳಗ ಯಾಕ ಕೇಳ್ಲಿಲ್ಲ?"

"ಮನಿ ಉಳೀಲಿ ಅಂತ ನೀವು ಹೂಂ ಅಂದಬಿಟ್ಟಿದ್ರ ಹೆಂಗ್ರಿ? ಈಗ ಒಲ್ಲೆ ಅಂದ್ರೂ ಆ ಮನಿಯೊಳಗ ನೀವ ಇರ್ರಿ. ಅದಕ್ಕ ಮೊದಲ ಸಹಿ ಹಾಕಿಸಿದ್ನಿ."

ಈ ಮನುಷ್ಯನನ್ನು ಎಷ್ಟು ತಪ್ಪು ತಿಳಿದಿದ್ದೆ! ಅವಳ ಕಣ್ಣು ತುಂಬಿತು. ಈ ಸಲ ಮುಚ್ಚಿಡಲಿಲ್ಲ.

"ನಾ ಮೂಡಲಗಿಗೆ ಬಂದ್ರ ಅವ್ವ ಒಬ್ಬಾಕಿ ಹೆಂಗ..."

"ನೀವು ಬರಬ್ಯಾಡ್ರಿ. ನಾನ ಮ್ಯಾಲಿನ ಮನಿಗೆ ಬರ್ತೇನಿ. ಅವ್ವನ ಒಂದ ಸಾಮಾನೂ ಜಾಗ ಬಿಟ್ಟು ಸರಸೂದಿಲ್ಲ."

ಅವಳು ಅವನ ಚಪ್ಪಲಿಯತ್ತ ನೋಡಿದಳು. ಆಮೇಲೆ ತಲೆ ತಗ್ಗಿಸಿಯೇ ಅಂದಳು, "ಚಪ್ಪಲಿ ಮಾತ್ರ ಹೊಸ್ತಿಲ ಮುಂದ ಬಿಡಬ್ಯಾಡ್ರಿ. ಅವ್ವ ಎಡವತಾಳ."

"ಮತ್ತ ಎಲ್ಲಿ ಬಿಡ್ಲಿ?"

"ನನ್ನ ಚಪ್ಪಲಿ ಬಾಜೂಕ."