ಅಳಿಸಿ ಬರೆದ ಆರು ಉತ್ತರಗಳು

ಟ್ರೆಂಟ್ ಹಾರ್ಮ್‌ಸನ್‌ನ ಗಣಿತ ಉತ್ತರಪತ್ರಿಕೆಯಲ್ಲಿ ಆರು ಉತ್ತರಗಳನ್ನು ಯಾರೋ ರಬ್ಬರಿನಿಂದ ಉಜ್ಜಿ, ಬೇರೆ ಬರೆದಿದ್ದರು. ಆರೂ ತಪ್ಪು!

"ಇದು ನನ್ನ ಅಕ್ಷರ ಅಲ್ಲ" ಎಂದ ಆ ಎಂಟನೇ ಕ್ಲಾಸಿನ ಹುಡುಗ. ಅಷ್ಟೇ, ನಮ್ಮ ಶಾಲೆಯ ಆಫೀಸು ರಣರಂಗವಾಯಿತು.

ನೆಬ್ರಾಸ್ಕದ ಈ ಊರಿನಿಂದ ರಾಜ್ಯ ಸ್ಪರ್ಧೆಗೆ ಹೋಗುವುದು ಈ ಪರೀಕ್ಷೆಯಲ್ಲಿ ಮೊದಲು ಬಂದ ಒಬ್ಬರೇ. ಟ್ರೆಂಟ್ ಬಿದ್ದರೆ ಆ ಜಾಗ ಅವನದೇ ಕ್ಲಾಸಿನ ಯೆಸೆನಿಯಾಳದು. ಪತ್ರಿಕೆಗಳನ್ನು ಒಟ್ಟುಮಾಡಿದವಳೂ ಅವಳೇ. ಅಂಟಿಸದ ಕವರಿನಲ್ಲಿ ಅವನ್ನು ಆಫೀಸಿಗೆ ತಂದುಕೊಟ್ಟಿದ್ದು ಅಂದು ಮೇಲ್ವಿಚಾರಣೆಗೆ ಬಂದಿದ್ದ ಟ್ರೆಂಟ್‌ನ ಅಪ್ಪ ಡ್ವೈಟ್. ಜಮೀನು ಅಳೆಯುವ ಸರ್ವೇಯರ್. ಈಗ ಮೇಜು ಗುದ್ದುತ್ತಿದ್ದವನೂ ಆತನೇ.

"ಈ ಕಳ್ಳೀನ ಮೊದ್ಲು ಹೊರಗೆ ಹಾಕಿ!"

"ಬಾಯಿಗೆ ಬಂದಂಗೆ ಮಾತಾಡ್ಬೇಡಿ. ನಾನು ಮುಟ್ಟಿಲ್ಲ!" ಎಂದಳು ಯೆಸೆನಿಯಾ.

ಅವಳನ್ನು ಶಾಲೆಯಿಂದ ತೆಗೆಯುವ ಪತ್ರವನ್ನು ಪ್ರಿನ್ಸಿಪಾಲರು ಆಗಲೇ ನನ್ನಿಂದ ಟೈಪ್ ಮಾಡಿಸಿದ್ದರು. ಸಹಿಯೊಂದು ಬಾಕಿ. ಗುಮಾಸ್ತೆಯ ಸಂಕಟ ಯಾರಿಗೆ ಬೇಕು?

ಗಣಿತದ ವಾಂಡಾ ಪ್ರೋಹಾಸ್ಕ ಮೇಡಂ ಮಾತ್ರ ಪತ್ರಿಕೆಯನ್ನು ಕಿಟಕಿಯ ಬೆಳಕಿಗೆ ಹಿಡಿದರು. ಉಜ್ಜಿದ ಅಂಕಿಗಳು ಮಸುಕಾಗಿ ಕಂಡವು. ಒಂದೊಂದು ಬಿಂದು ನಕ್ಷೆಯ ನಾಲ್ಕು ಭಾಗಗಳಲ್ಲಿ ಎಷ್ಟನೆಯದರಲ್ಲಿ, ಅಂದರೆ ಯಾವ ಚತುರ್ಥಕದಲ್ಲಿದೆ ಎಂದು ಹೇಳುವ ಹನ್ನೆರಡು ಪ್ರಶ್ನೆಗಳವು.

"ಒಂದು, ಮೂರು ಅಂತ ಇರೋ ಉತ್ತರ ಯಾವ್ದನ್ನೂ ಮುಟ್ಟಿಲ್ಲ. ಯಾಕೆ?"

"ಯಾಕಾದ್ರೇನು? ಹೊಟ್ಟೆಕಿಚ್ಚಿಗೆ ಕಾರಣ ಬೇಕಾ?" ಡ್ವೈಟ್ ಕೂಗಿದ.

ಮೇಡಂ ಹಾಳೆಯ ಮೇಲೆ ಎರಡು ಗೆರೆಗಳನ್ನು ಒಂದನ್ನೊಂದು ಕತ್ತರಿಸುವಂತೆ ಎಳೆದರು. "ಯೆಸೆನಿಯಾ, ಎಡಗಡೆ ಮೇಲಿಂದು ಎಷ್ಟನೇದು?"

"ಎರಡನೇದು."

"ತಪ್ಪು!" ಡ್ವೈಟ್ ಪೆನ್ಸಿಲ್ ಕಿತ್ತುಕೊಂಡ. "ಇಪ್ಪತ್ತು ವರ್ಷದಿಂದ ಇದೇ ಕೆಲ್ಸ ನಂದು. ನೋಡ್ಕೊಳ್ಳಿ!" ಬಲ ಮೇಲೆ ಒಂದು, ಬಲ ಕೆಳಗೆ ಎರಡು, ಎಡ ಕೆಳಗೆ ಮೂರು, ಎಡ ಮೇಲೆ ನಾಲ್ಕು — ಬರೆದೇಬಿಟ್ಟ.

ಮೇಡಂ ಆ ಹಾಳೆಯನ್ನು ಪತ್ರಿಕೆಯ ಪಕ್ಕಕ್ಕಿಟ್ಟರು.

"ಕೆಡಿಸೋರು ಕೈಗೆ ಸಿಕ್ಕಿದ್ದನ್ನ ಕೆಡಿಸ್ತಾರೆ" ಎಂದರು ಮೇಡಂ. "ಇಲ್ಲಿ ಎರಡೆಲ್ಲ ನಾಲ್ಕಾಗಿದೆ, ನಾಲ್ಕೆಲ್ಲ ಎರಡಾಗಿದೆ. ಇದು ಕೆಡಿಸಿದ್ದಲ್ಲ, ತಿದ್ದಿದ್ದು! ಗಣಿತದಲ್ಲಿ ನಾವು ಎಡಕ್ಕೆ ಸುತ್ತಿ ಎಣಿಸ್ತೀವಿ. ಸರ್ವೇಯರ್‌ಗಳು ಗಡಿಯಾರದ ಮುಳ್ಳಿನ ಥರ ಬಲಕ್ಕೆ. ಹೇಗೆ ಎಣಿಸಿದ್ರೂ ಒಂದು, ಮೂರು ಜಾಗ ಬದಲಾಗಲ್ಲ. ಮಗನ್ನ ಗೆಲ್ಲಿಸೋಕೆ ದಾರೀಲಿ ಕವರ್ ತೆಗೆದಿದ್ದು ನೀವು. ಅಳಿಸಿದ್ದು ಬಯಲಾದಾಗ, ನಿಮ್ಮ ಎಣಿಕೆಯೇ ಸರಿ ಅಂತ ಈಗಲೂ ನಂಬ್ಕೊಂಡು, ಈ ಮಗು ಮೇಲೆ ಹಾಕಿದ್ದೂ ನೀವೇ. ನಾಚಿಕೆ ಆಗಲ್ವಾ?"

ಡ್ವೈಟ್ ಪೆನ್ಸಿಲ್ ಕೆಳಗಿಟ್ಟ. ಪ್ರಿನ್ಸಿಪಾಲರು ಪೆನ್ನು ಜೇಬಿಗೆ ಹಾಕಿಕೊಂಡು, "ತಿದ್ದಿದ ಪತ್ರಿಕೆ ಲೆಕ್ಕಕ್ಕಿಲ್ಲ. ಸ್ಪರ್ಧೆಗೆ ಯೆಸೆನಿಯಾ ಹೋಗ್ತಾಳೆ" ಎಂದರು.

ಟ್ರೆಂಟ್ ಮೇಡಂ ಕಡೆ ತಿರುಗಿದ. "ನಾನು ಮೊದ್ಲು ಬರ್ದಿದ್ದು?"

"ಹನ್ನೆರಡಕ್ಕೆ ಹನ್ನೆರಡೂ ಸರಿ."

ಹುಡುಗ ಅಪ್ಪನ ಎದುರು ಬಂದು ನಿಂತ.

"ನಂಗೆ ಬರಲ್ಲ ಅಂತಾನೇ ಅಂದ್ಕೊಂಡಿದ್ಯಲ್ಲಪ್ಪಾ."